ಅಟ್ಟದಿಂದ ಇಳಿದ ನಾಲ್ಕು ನಿಮಿಷ

ಡಬ್ಬಿಯ ಮುಚ್ಚಳ ತೆಗೆದ ಕೂಡಲೇ ಹುಳಿ ವಾಸನೆ ಮೂಗಿಗೆ ಬಡಿಯಿತು. ಅಸಿಟೇಟ್ ಫಿಲ್ಮ್ ಕೆಡತೊಡಗಿದಾಗ ಬರುವ ವಿನೆಗರ್ ವಾಸನೆ ಅದು. ಮಲೆನಾಡಿನ ಅಷ್ಟೂ ಮಳೆಗಾಲಗಳನ್ನು ಅಟ್ಟದ ಮೇಲೆ ಕಳೆದ ರೀಲು ಇನ್ನೂ ಬಿಚ್ಚಿಕೊಳ್ಳುತ್ತಿದೆಯಲ್ಲ ಎಂಬುದೇ ನನಗೆ ಸಮಾಧಾನ.

1964ರಲ್ಲಿ ಪೂರ್ಣಗೊಂಡ ಲಿಂಗನಮಕ್ಕಿ ಅಣೆಕಟ್ಟೆಯ ಹಿನ್ನೀರಿನಲ್ಲಿ ಊರು ಕಳೆದುಕೊಂಡವರ ಕುರಿತು ಸಾಕ್ಷ್ಯಚಿತ್ರ ಮಾಡುತ್ತಿದ್ದೆ. ಆ ಕಾಲದ ಅಣೆಕಟ್ಟೆಗಳ ಸುದ್ದಿಚಿತ್ರಗಳನ್ನು ಜಾಲಾಡಿದಾಗ ಸಿಕ್ಕಿದ್ದು ಯಂತ್ರಗಳು, ಧೂಳು, ಹಾರ ಹಾಕಿಸಿಕೊಂಡ ಗಣ್ಯರು. ಮನೆಯ ಬಾಗಿಲು ಕಿತ್ತು ಲಾರಿಗೆ ಹೇರಿದವರು ನಾನು ನೋಡಿದ ಒಂದರಲ್ಲೂ ಇರಲಿಲ್ಲ. ಈ ಕಪ್ಪುಬಿಳುಪು ರೀಲಿನಲ್ಲಿ ಅವರಿದ್ದರು. ರಜೆಗೆ ಬಂದ ನೆಂಟರೊಬ್ಬರು 8 ಎಂಎಂ ಕ್ಯಾಮೆರಾದಲ್ಲಿ ತೆಗೆದದ್ದು: ಮಾಡಿನಿಂದ ಹೆಂಚು ಇಳಿಸಿ ಕೈಯಿಂದ ಕೈಗೆ ದಾಟಿಸುವ ಸಾಲು, ಕೊನೆಯಲ್ಲಿ ಒಬ್ಬ ಹುಡುಗಿ.

ಆ ಹುಡುಗಿಗೆ ಈಗ ಎಪ್ಪತ್ತು ದಾಟಿದೆ. ಡಿಜಿಟಲ್ ಪ್ರತಿ ತೋರಿಸಿದಾಗ ಮೊದಲು ಕೇಳಿದ್ದು, 'ಯಾಕೆ ಎಲ್ಲರೂ ಓಡುತ್ತಿದ್ದಾರೆ? ಅವತ್ತು ಯಾರ ಕಾಲಿಗೂ ಬಲವಿರಲಿಲ್ಲ.'

ತಪ್ಪು ನನ್ನದೇ. 50 ಅಡಿಯ ಆ ರೀಲಿನಲ್ಲಿರುವುದು ಸುಮಾರು 4,000 ಫ್ರೇಮು. ಸೆಕೆಂಡಿಗೆ 16ರಂತೆ ಓಡಿದರೆ ನಾಲ್ಕು ನಿಮಿಷ ದಾಟುತ್ತದೆ. ನಾನು ಅದನ್ನು 25ರ ವೇಗಕ್ಕೆ ಹಾಗೇ ಒಪ್ಪಿಸಿಬಿಟ್ಟಿದ್ದೆ. ಎರಡು ನಿಮಿಷ ನಲವತ್ತು ಸೆಕೆಂಡಿನಲ್ಲಿ ಊರು ಖಾಲಿಯಾಗುತ್ತಿತ್ತು.

ವೇಗ ಸರಿಪಡಿಸಲು ಎರಡು ದಾರಿಗಳಿದ್ದವು. ನಡುವಿನ ಫ್ರೇಮುಗಳನ್ನು ತಾನೇ ಹುಟ್ಟಿಸುವ ತಂತ್ರಾಂಶ ಹಾಕಿ ನೋಡಿದೆ. ಚಲನೆ ಬೆಣ್ಣೆಯಂತಾಯಿತು. ಆದರೆ ಒಂದೊಂದೇ ಫ್ರೇಮು ನಿಲ್ಲಿಸಿ ನೋಡಿದರೆ ಹೆಂಚು ಹಿಡಿದ ಬೆರಳುಗಳು ಹೆಂಚಿನೊಳಗೇ ಕರಗಿಹೋಗಿದ್ದವು. ಅಂಥ ಬೆರಳು ಆ ಅಂಗಳದಲ್ಲಿ ಯಾರಿಗೂ ಇರಲಿಲ್ಲ. ಅದನ್ನು ಅಳಿಸಿ, ಇರುವ ಫ್ರೇಮುಗಳನ್ನೇ ಅಲ್ಲಲ್ಲಿ ಮರುಕಳಿಸಿದೆ. ನಡಿಗೆ ಸ್ವಲ್ಪ ಕುಲುಕುತ್ತದೆ, ಕುಲುಕಲಿ.

ಅದೇ ದಿನ ಇನ್ನೊಂದು ದೃಶ್ಯವೂ ಹೋಯಿತು. ಬೇರೆ ಅಣೆಕಟ್ಟೆಯ ಕೆಲವು ಸೆಕೆಂಡುಗಳನ್ನು ಖಾಲಿ ಜಾಗ ತುಂಬಲು ಸೇರಿಸಿದ್ದೆ. ಅದನ್ನು ನೋಡಿ ಆಕೆ 'ಈ ಗುಡ್ಡ ನಮ್ಮದಲ್ಲ' ಎಂದರು. ಸಂಕಲನದ ಮೇಜಿನಲ್ಲಿ ಎಲ್ಲರೂ ಮಾಡುವುದೇ ಎಂದು ಅದುವರೆಗೆ ನನಗೆ ನಾನೇ ಹೇಳಿಕೊಂಡಿದ್ದೆ. ಅವರ ಎದುರು ಆ ಮಾತು ಬಾಯಿಗೆ ಬರಲಿಲ್ಲ.

ರೀಲಿಗೆ ಹಿನ್ನೆಲೆ ಸಂಗೀತ ಹಾಕಲಿಲ್ಲ. ಹಕ್ಕಿಯ ಕೂಗು, ಲಾರಿಯ ಸದ್ದು ಎಂದು ಕೃತಕವಾಗಿ ಏನನ್ನೂ ಹಚ್ಚಲಿಲ್ಲ. ಸರಿಯಾದ ವೇಗದಲ್ಲಿ ಮತ್ತೆ ನೋಡುತ್ತ ಅವರು ಆಡಿದ ಮಾತನ್ನು ಮಾತ್ರ ಇಟ್ಟೆ. ಮುಕ್ಕಾಲು ಪಾಲು ಹೆಸರುಗಳೇ: ಇವನು ಯಾರ ಮಗ, ಆ ಎಮ್ಮೆ ಯಾರ ಮನೆಯದು. ಚಿತ್ರ ಮುಗಿದು ಪರದೆ ಬೆಳ್ಳಗಾದ ಮೇಲೆ ಬೆರಳನ್ನು ಪರದೆಯ ಬಲ ಅಂಚಿನ ಆಚೆಗೆ, ಗೋಡೆಯ ಮೇಲಿಟ್ಟು, 'ಇಲ್ಲಿತ್ತು ನಮ್ಮ ಬಾವಿ' ಎಂದರು.