ಒಂದೇ ಕೈಬರಹದ ನಾಲ್ಕು ದೂರುಗಳು: ಪತ್ತೇದಾರಿ ಕಾದಂಬರಿ ಬರೆದ ನನ್ನ ಅನುಭವ

ನಾನು ಮೂವತ್ತೊಂದು ವರ್ಷ ತಾಲ್ಲೂಕು ನ್ಯಾಯಾಲಯಗಳಲ್ಲಿ ಬೆಂಚ್ ಕ್ಲರ್ಕ್ ಆಗಿ, ಕೊನೆಯ ಕೆಲವು ವರ್ಷ ಶಿರಸ್ತೇದಾರಳಾಗಿ ದುಡಿದವಳು. ನಿವೃತ್ತಿಯಾದ ಮೇಲೆ ಬರೆದದ್ದು ಒಂದೇ ಕಾದಂಬರಿ. ಘಟ್ಟದ ಅಂಚಿನ ಸಣ್ಣ ಊರೊಂದರಲ್ಲಿ ಎರಡು ವರ್ಷಗಳ ಅವಧಿಯಲ್ಲಿ ನಾಲ್ವರು ಹುಡುಗಿಯರು ಕಾಣೆಯಾಗುವ ಕಥೆ ಅದು. ಅದರ ಬೀಜ ಬಿದ್ದದ್ದು ಕ್ರಿಮಿನಲ್ ಮೊಕದ್ದಮೆಯಲ್ಲಲ್ಲ, ಒಂದು ಸಿವಿಲ್ ದಾವೆಯಲ್ಲಿ. ಹೆಂಗಸೊಬ್ಬಳ ಗಂಡ ತೀರಿಕೊಂಡ ಮೇಲೆ ಜಮೀನಿನ ಖಾತೆ ಬದಲಾಗಬೇಕಾಗಿತ್ತು. ವಾರಸುದಾರಳಾದ ಮಗಳು ಮನೆ ಬಿಟ್ಟು ಏಳು ವರ್ಷ ದಾಟಿತ್ತು. ಆದ್ದರಿಂದ ಸಾಕ್ಷ್ಯ ಅಧಿನಿಯಮದ 108ನೆಯ ಕಲಮಿನಂತೆ ಆಕೆಯನ್ನು ಮೃತಳೆಂದು ಘೋಷಿಸಬೇಕೆಂದು ದಾವೆ ಹೂಡಲಾಗಿತ್ತು. ಸಾಕ್ಷಿ ಕಟ್ಟೆಯಲ್ಲಿ ನಿಂತ ತಾಯಿಗೆ ಆಕೆಯ ಪ್ರಮಾಣ ಪತ್ರವನ್ನು (ಅಫಿಡವಿಟ್) ಓದಿ ಹೇಳಿದಾಗ ಆಕೆ ತಲೆಯಾಡಿಸಲಿಲ್ಲ. “ಸುದ್ದಿ ಇಲ್ಲ ಅಂತ ಹೇಳಿದ್ದು ಹೌದು ಸ್ವಾಮಿ. ಸತ್ತಳು ಅಂತ ನಾನು ಹೇಳಲಿಲ್ಲ, ಅದು ಬರೆದವರು ಸೇರಿಸಿದ್ದು” ಎಂದಳು. ದಾವೆ ತೀರ್ಮಾನವಾಯಿತು, ಕಡತ ದಾಖಲೆ ಕೋಣೆಗೆ ಹೋಯಿತು. ಆದರೆ ಹೇಳಿದ್ದಕ್ಕೂ ಬರೆದದ್ದಕ್ಕೂ ನಡುವೆ ಇರುವ ಆ ಸಂದಿಯಲ್ಲಿ ಒಬ್ಬ ಅಪರಾಧಿ ಆರಾಮವಾಗಿ ಅಡಗಿ ಕೂರಬಹುದು ಎಂಬ ಯೋಚನೆ ನನ್ನನ್ನು ಬಿಡಲಿಲ್ಲ.

ಆದರೂ ಮೊದಲ ಕರಡಿನಲ್ಲಿ ನಾನು ಮಾಡಿದ್ದು ಎಲ್ಲರೂ ಮಾಡುವ ತಪ್ಪನ್ನೇ. ಬೆಂಗಳೂರಿನಿಂದ ಬಂದ ಖಾಸಗಿ ಪತ್ತೇದಾರನೊಬ್ಬ ಬಸ್ಸಿನಿಂದ ಇಳಿದು, ಲಾಡ್ಜಿನಲ್ಲಿ ಕೋಣೆ ಹಿಡಿದು, ಮೂರು ದಿನದಲ್ಲಿ ಊರಿನ ಗುಟ್ಟನ್ನೆಲ್ಲ ಬಯಲಿಗೆಳೆಯುತ್ತಿದ್ದ. ಬಾಲ್ಯದಲ್ಲಿ ಬಾಡಿಗೆ ಪುಸ್ತಕದ ಅಂಗಡಿಯಿಂದ ದಿನಕ್ಕೊಂದರಂತೆ ತಂದು ಓದಿದ ಪತ್ತೇದಾರಿ ಕಾದಂಬರಿಗಳ ಋಣ ಅದು. ನೂರಿಪ್ಪತ್ತು ಪುಟವಾದ ಮೇಲೆ ನನಗೇ ನಗು ಬಂತು. ನಮ್ಮಲ್ಲಿ ಖಾಸಗಿ ಪತ್ತೇದಾರನಿಗೆ ಅಪರಾಧದ ತನಿಖೆ ಮಾಡುವ ಅಧಿಕಾರವಿಲ್ಲ. ಅವನು ಮಹಜರು ಮಾಡಲಾರ, ಮೊಬೈಲ್ ಕರೆಗಳ ವಿವರವನ್ನು ಕಂಪನಿಯಿಂದ ತರಿಸಲಾರ, ಯಾರನ್ನೂ ಠಾಣೆಗೆ ಕರೆಸಲಾರ. ಅದಕ್ಕಿಂತ ಹೆಚ್ಚಾಗಿ, ನಮ್ಮ ಊರುಗಳಲ್ಲಿ ಹುಡುಗಿ ಕಾಣೆಯಾದ ಮನೆಯವರು ಹೊರಗಿನ ಗಂಡಸಿನ ಎದುರು ಬಾಯಿಯನ್ನೇ ಬಿಡುವುದಿಲ್ಲ.

ಹೀಗೆ ಬಂದವಳು ಗಿರಿಜಮ್ಮ, ಠಾಣೆಯ ಬರವಣಿಗೆಯ ಕೆಲಸ ನೋಡಿಕೊಳ್ಳುವ ಹೆಡ್ ಕಾನ್‌ಸ್ಟೇಬಲ್. ಅವಳು ಠಾಣಾಧಿಕಾರಿಯಲ್ಲ, ದೋಷಾರೋಪಣ ಪಟ್ಟಿ ಸಲ್ಲಿಸುವವಳೂ ಅಲ್ಲ. ಅವಳಿಗೆ ಗೊತ್ತಾದ ಪ್ರತಿಯೊಂದು ಸಂಗತಿಯನ್ನೂ ಸಬ್ ಇನ್‌ಸ್ಪೆಕ್ಟರನಿಗೆ ಒಪ್ಪಿಸಿ ಮನವರಿಕೆ ಮಾಡಿಕೊಡಬೇಕು, ಅವನಿಗೋ ಬಂದೋಬಸ್ತು, ಜಾತ್ರೆ, ಮಂತ್ರಿಗಳ ಪ್ರವಾಸಗಳ ನಡುವೆ ಪುರುಸೊತ್ತಿಲ್ಲ. ಆರಂಭದಲ್ಲಿ ಇದು ಕಥೆಗೆ ಅಡ್ಡಿಯೆಂದು ತೋರಿತ್ತು. ಬರೆಯುತ್ತ ಹೋದಂತೆ ಅವಳ ಅಧಿಕಾರದ ಕೊರತೆಯೇ ಕಥೆಯನ್ನು ಮುಂದಕ್ಕೆ ತಳ್ಳಿತು.

ಕಾಲವನ್ನು 2008ರಲ್ಲಿ ನಿಲ್ಲಿಸಿದ್ದು ಲೆಕ್ಕ ಹಾಕಿಯೇ. ಕಾಣೆಯಾದ ಪ್ರತಿಯೊಂದು ಮಗುವಿನ ದೂರನ್ನೂ ಅಪಹರಣ ಅಥವಾ ಸಾಗಾಟದ ಶಂಕೆಯ ಮೇಲೆ ಪ್ರಥಮ ವರ್ತಮಾನ ವರದಿಯಾಗಿ ದಾಖಲಿಸಬೇಕೆಂದು ಸುಪ್ರೀಂ ಕೋರ್ಟ್ ನಿರ್ದೇಶಿಸಿದ್ದು 2013ರ ಮೇ ತಿಂಗಳಲ್ಲಿ. ಅದಕ್ಕೆ ಮೊದಲು ಇಂಥ ದೂರು ಠಾಣೆಯ ದಿನಚರಿಯ ಒಂದು ಸಾಲಿನಲ್ಲಿಯೇ ಮುಗಿದುಹೋಗಲು ಅವಕಾಶವಿತ್ತು. ಇನ್ನೊಂದು ಕಾರಣ, 2009ರ ಅಕ್ಟೋಬರಿನಲ್ಲಿ ದಕ್ಷಿಣ ಕನ್ನಡದ ಪೊಲೀಸರು ಬಂಧಿಸಿದ ‘ಸೈನೈಡ್ ಮೋಹನ’ನ ಪ್ರಕರಣ. ದೈಹಿಕ ಶಿಕ್ಷಣ ಶಿಕ್ಷಕನಾಗಿದ್ದ ಆತ ವರದಕ್ಷಿಣೆಯಿಲ್ಲದ ಮದುವೆಯ ಆಸೆ ತೋರಿಸಿ 2003ರಿಂದ 2009ರವರೆಗೆ ಇಪ್ಪತ್ತು ಯುವತಿಯರನ್ನು ಕೊಂದನೆಂಬ ಆರೋಪ ಎದುರಿಸಿದ. ಮಂಗಳೂರಿನ ನ್ಯಾಯಾಲಯದ ಮೊದಲ ತೀರ್ಪು 2013ರ ಡಿಸೆಂಬರಿನಲ್ಲಿ ಬಂತು, ಕೊನೆಯದು ಬಂದಾಗ 2020 ಆಗಿತ್ತು. ಆ ಪ್ರಕರಣವನ್ನು ಪತ್ರಿಕೆಗಳಲ್ಲಿ ಓದುವಾಗ ನನ್ನನ್ನು ಬೆಚ್ಚಿಬೀಳಿಸಿದ್ದು ವಿಷವಲ್ಲ. ಹುಡುಗಿಯರ ಮನೆಗಳಿದ್ದದ್ದು ಕರಾವಳಿಯ ಹಳ್ಳಿಗಳಲ್ಲಿ. ಶವಗಳು ಸಿಕ್ಕಿದ್ದು ಮಡಿಕೇರಿ, ಮೈಸೂರು, ಹಾಸನ, ಬೆಂಗಳೂರುಗಳ ಬಸ್ ನಿಲ್ದಾಣಗಳ ಶೌಚಾಲಯಗಳಲ್ಲಿ. ಬಾಗಿಲಿಗೆ ಒಳಗಿನಿಂದ ಚಿಲಕ ಹಾಕಿತ್ತು ಎಂಬುದರಿಂದ ಆತ್ಮಹತ್ಯೆಯೆಂಬ ಊಹೆ ಸಲೀಸಾಯಿತು. ಒಂದು ಠಾಣೆಯಲ್ಲಿ ‘ಯುವತಿ ನಾಪತ್ತೆ’, ದೂರದ ಇನ್ನೊಂದು ಠಾಣೆಯಲ್ಲಿ ‘ಅಪರಿಚಿತ ಹೆಂಗಸಿನ ಶವ’. ಎರಡನ್ನೂ ಒಂದೇ ಮೇಜಿನ ಮೇಲೆ ಇಟ್ಟು ನೋಡಿದವರು ವರ್ಷಗಟ್ಟಲೆ ಯಾರೂ ಇರಲಿಲ್ಲ. ಆ ಪ್ರಕರಣದಿಂದ ನಾನು ಪಡೆದದ್ದು ಈ ಎರಡು ಕಡತಗಳ ನಡುವಿನ ದೂರವನ್ನು ಮಾತ್ರ. ಆತ ಸಿಕ್ಕಿಬೀಳುವ ಮೊದಲೇ ನನ್ನ ಕಥೆ ಮುಗಿಯಬೇಕಿತ್ತು, ಇಲ್ಲದಿದ್ದರೆ ಕಾದಂಬರಿಯೊಳಗಿನ ಯಾರಾದರೊಬ್ಬರು ‘ಇದೂ ಹಾಗೆಯೇ ಇರಬಹುದು’ ಎಂದು ಹೇಳದೆ ಇರುತ್ತಿರಲಿಲ್ಲ. ಊರನ್ನು ಹಾಸನ, ಚಿಕ್ಕಮಗಳೂರು, ದಕ್ಷಿಣ ಕನ್ನಡ ಜಿಲ್ಲೆಗಳ ಗಡಿಗಳು ಹತ್ತಿರ ಬರುವ ಕಡೆ ಕಲ್ಪಿಸಿಕೊಂಡದ್ದೂ ಇದಕ್ಕಾಗಿಯೇ: ಬೆಳಗಿನ ಬಸ್ಸು ಹತ್ತಿದರೆ ಮಧ್ಯಾಹ್ನದೊಳಗೆ ಎರಡು ಜಿಲ್ಲೆ ದಾಟಬಹುದು, ಆದರೆ ಠಾಣೆಯ ಕಾಗದಕ್ಕೆ ಆ ದಾರಿ ಸಾಗಲು ತಿಂಗಳುಗಳು ಬೇಕು.

ಪತ್ರಿಕೆಗಳಲ್ಲಿ ಬರುವ ನಾಪತ್ತೆ ಪ್ರಕಟಣೆಗಳ ಭಾಷೆಯನ್ನು ನಾನು ಒಂದು ನೋಟ್‌ಬುಕ್ಕಿನಲ್ಲಿ ನಕಲು ಮಾಡಿಕೊಳ್ಳುತ್ತ ಹೋದೆ. ಐದು ಅಡಿ ಎತ್ತರ, ಗೋಧಿ ಮೈಬಣ್ಣ, ಕೋಲು ಮುಖ, ಸಾಧಾರಣ ಮೈಕಟ್ಟು, ಕನ್ನಡ ಮಾತನಾಡುತ್ತಾಳೆ. ಇಪ್ಪತ್ತು ಪ್ರಕಟಣೆ ನಕಲು ಮಾಡುವಷ್ಟರಲ್ಲಿ ಎಲ್ಲ ಹುಡುಗಿಯರೂ ಒಬ್ಬಳೇ ಹುಡುಗಿಯಾಗಿಬಿಟ್ಟಿದ್ದರು. ಇಷ್ಟು ಚಹರೆಯಿಂದ ನನ್ನ ಸ್ವಂತ ತಂಗಿಯನ್ನೂ ನಾನು ಗುರುತಿಸಲಾರೆ ಎಂದು ಅನ್ನಿಸಿದ ಆ ಸಂಜೆಯೇ ನನಗೆ ಅಪರಾಧಿ ಯಾರೆಂದು ಹೊಳೆಯಿತು. (ಕಾದಂಬರಿಯನ್ನು ಇನ್ನೂ ಓದದವರು ಇಲ್ಲಿಂದ ಮೂರು ಪ್ಯಾರಾ ದಾಟಿ ಹೋಗಬಹುದು.)

ತಾಲ್ಲೂಕು ಕಚೇರಿಯ ಹೊರಗೆ ಮರದ ನೆರಳಿನಲ್ಲಿ ಸಣ್ಣ ಮೇಜು ಹಾಕಿಕೊಂಡು ಕೂರುವ ಅರ್ಜಿ ಬರೆಯುವವರನ್ನು ನೀವು ನೋಡಿರುತ್ತೀರಿ. ಕಾನೂನಿನಂತೆ ದೂರನ್ನು ಬಾಯಿಮಾತಿನಲ್ಲಿ ಹೇಳಿದರೂ ಸಾಕು. ದಂಡ ಪ್ರಕ್ರಿಯಾ ಸಂಹಿತೆಯ 154ನೆಯ ಕಲಮಿನ ಪ್ರಕಾರ ಠಾಣಾಧಿಕಾರಿ ಅದನ್ನು ಬರೆದುಕೊಂಡು, ದೂರು ಕೊಟ್ಟವರಿಗೆ ಓದಿ ಹೇಳಿ, ಸಹಿ ಪಡೆದು, ಪ್ರತಿಯನ್ನು ಉಚಿತವಾಗಿ ಕೊಡಬೇಕು. ಆದರೆ ‘ಬರೆಸಿಕೊಂಡು ಬನ್ನಿ’ ಎಂಬ ಮಾತನ್ನು ಠಾಣೆಯ ಬಾಗಿಲಲ್ಲಿ ಕೇಳದವರು ನಮ್ಮ ಕಡೆ ವಿರಳ. ನನ್ನ ಕಾದಂಬರಿಯ ನಾಲ್ಕೂ ದೂರುಗಳು ಒಂದೇ ಕೈಬರಹದಲ್ಲಿವೆ. ಊರಿನ ಎಲ್ಲ ಅರ್ಜಿಗಳೂ, ವಿಧವಾ ವೇತನದಿಂದ ಪೌತಿ ಖಾತೆಯವರೆಗೆ, ಅದೇ ಕೈಬರಹದಲ್ಲಿ ಇರುವುದರಿಂದ ಅದು ಯಾರ ಕಣ್ಣಿಗೂ ಬೀಳುವುದಿಲ್ಲ. ಆ ಅರ್ಜಿಗಳನ್ನು ಬರೆಯುವವನೇ ಅಪರಾಧಿ. ಅವನು ಚಹರೆಯನ್ನು ಸವೆಸುತ್ತಾನೆ, ಹುಟ್ಟುಗುರುತನ್ನು ಬಿಡುತ್ತಾನೆ, “ಹತ್ತೊಂಬತ್ತು ಅಂತ ಬರೆದರೆ ನಿಮಗೇ ಒಳ್ಳೆಯದು, ಇಲ್ಲವಾದರೆ ಸ್ಟೇಷನ್ನಿಗೆ ಅಲೆದಾಟ” ಎಂದು ಅಪ್ಪಂದಿರಿಗೆ ಹಿತವಾಗಿ ಬುದ್ಧಿ ಹೇಳುತ್ತಾನೆ.

ವಯಸ್ಸಿನ ಈ ಅಂಶದ ಮೇಲೆ ನಾನು ಒಂದಿಡೀ ಅಧ್ಯಾಯ ಕಳೆದೆ. ಹದಿನೆಂಟು ತುಂಬದವಳನ್ನು ಕರೆದೊಯ್ದರೆ ಅದು ಪಾಲಕರ ವಶದಿಂದ ಅಪಹರಣ, ಅವಳ ಒಪ್ಪಿಗೆಗೆ ಬೆಲೆಯಿಲ್ಲ. ತುಂಬಿದವಳಾದರೆ ‘ಸ್ವಇಚ್ಛೆಯಿಂದ ಹೋಗಿದ್ದಾಳೆ’ ಎಂಬ ಒಂದು ವಾಕ್ಯಕ್ಕೆ ಕಡತ ಮಲಗುತ್ತದೆ. ನಮ್ಮ ತಲೆಮಾರಿನ ಅನೇಕರ ಹುಟ್ಟಿದ ದಿನ ಶಾಲೆಯ ದಾಖಲೆಯಲ್ಲಿ ಜೂನ್ 1 ಎಂದಿರುವುದು ಮೇಷ್ಟ್ರ ಕೃಪೆ ಎಂಬುದು ಎಲ್ಲರಿಗೂ ಗೊತ್ತಿದೆ, ಹಾಗಾಗಿ ಶಾಲೆಯ ಪುಸ್ತಕವೂ ಗಿರಿಜಮ್ಮನಿಗೆ ನೆಟ್ಟಗೆ ಉತ್ತರ ಕೊಡುವುದಿಲ್ಲ. ಕೊನೆಗೆ ಅವಳು ಅಂಗನವಾಡಿಯ ಚುಚ್ಚುಮದ್ದಿನ ಹಳೆಯ ಕಾರ್ಡಿನಿಂದ ಎರಡನೆಯ ಹುಡುಗಿಗೆ ಹದಿನೇಳೇ ಆಗಿತ್ತೆಂದು ತೋರಿಸುತ್ತಾಳೆ. ಈ ಅಧ್ಯಾಯ ನಿಧಾನವಾಯಿತೆಂದು ಇಬ್ಬರು ಗೆಳತಿಯರು ಹೇಳಿದರು. ನಾನು ಒಂದು ಪುಟ ಕಡಿಮೆ ಮಾಡಿ ಉಳಿದದ್ದನ್ನು ಹಾಗೆಯೇ ಇಟ್ಟೆ.

ಕಥೆ ತಿರುಗುವುದು ನಾಲ್ಕನೆಯ ಹುಡುಗಿಯ ತಾಯಿ, ಕಾಫಿ ತೋಟದ ಲೈನ್‌ಮನೆಯವಳು, ಬರೆಸಿದ ಅರ್ಜಿ ಮಳೆಯಲ್ಲಿ ನೆನೆದುಹೋಗಿ ಬರಿಗೈಯಲ್ಲಿ ಠಾಣೆಗೆ ಬಂದಾಗ. ಗಿರಿಜಮ್ಮ ಆ ದಿನ ಮೊದಲ ಬಾರಿಗೆ ತಾಯಿಯ ಬಾಯಿಂದಲೇ ಕೇಳಿ, ಅವಳ ಮಾತಿನಲ್ಲೇ ಬರೆದುಕೊಳ್ಳುತ್ತಾಳೆ. ಎಡಗೈ ಮಣಿಕಟ್ಟಿನ ಕೆಳಗೆ ಅಡಿಕೆ ಸುಲಿಯುವಾಗ ಮೆಟ್ಟುಗತ್ತಿ ತಾಗಿದ ಗುರುತು, ರವಿಕೆಯ ಹಸಿರು ಬಟ್ಟೆಗೆ ಕೆಂಪು ದಾರದ ಹೊಲಿಗೆ, ಮುಂದಿನ ಹಲ್ಲಿನ ಒಂದು ಚೂರು ಮುರಿದದ್ದು. ಪಕ್ಕದ ಜಿಲ್ಲೆಯ ಠಾಣೆಯೊಂದರ ಅಸ್ವಾಭಾವಿಕ ಮರಣ ವರದಿಯಲ್ಲಿ, ದಂಡ ಪ್ರಕ್ರಿಯಾ ಸಂಹಿತೆಯ ಕಲಮು 174ರ ಅಡಿಯ ಹಳದಿಯಾದ ಹಾಳೆಯಲ್ಲಿ, ಆ ಕೆಂಪು ದಾರ ಆಗಲೇ ದಾಖಲಾಗಿತ್ತು. ಎರಡು ದಿನದ ನಂತರ ಒಣಗಿದ ಅರ್ಜಿಯನ್ನು ಬಿಡಿಸಿ ಓದಿದಾಗ, ತಾಯಿ ಎಂದೂ ಹೇಳದ ಒಂದು ಸಂಗತಿ ಅದರಲ್ಲಿರುತ್ತದೆ: ಹುಡುಗಿ ಆ ದಿನ ಹಾಕಿಕೊಂಡಿದ್ದ ಹೊಸ ಚಪ್ಪಲಿಯ ಬಣ್ಣ. ಆ ಚಪ್ಪಲಿಯನ್ನು ಮನೆಯವರು ಯಾರೂ ನೋಡಿಯೇ ಇರಲಿಲ್ಲ.

ಅಷ್ಟಕ್ಕೆ ಪತ್ತೆಯಾಯಿತು, ಆದರೆ ಸಾಬೀತಾಗಲಿಲ್ಲ. ನನ್ನ ನೌಕರಿಯ ಅನುಭವ ಹೆಚ್ಚು ಉಪಯೋಗಕ್ಕೆ ಬಂದದ್ದು ಇಲ್ಲಿ. ಪತ್ತೇದಾರಿ ಕಥೆಗಳು ಸಾಮಾನ್ಯವಾಗಿ ತಪ್ಪೊಪ್ಪಿಗೆಯಿಂದ ಮುಗಿಯುತ್ತವೆ. ಪೊಲೀಸರ ಮುಂದೆ ಕೊಟ್ಟ ತಪ್ಪೊಪ್ಪಿಗೆಯನ್ನು ಆರೋಪಿಯ ವಿರುದ್ಧ ರುಜುವಾತು ಮಾಡುವಂತಿಲ್ಲ ಎಂದು ಸಾಕ್ಷ್ಯ ಅಧಿನಿಯಮದ 25ನೆಯ ಕಲಮು ಹೇಳುತ್ತದೆ; ಆರೋಪಿಯ ಹೇಳಿಕೆಯಿಂದ ಹೊಸದಾಗಿ ಒಂದು ಸಂಗತಿ ಬಯಲಾದರೆ, ಆ ಸಂಗತಿಗೆ ಸ್ಪಷ್ಟವಾಗಿ ಸಂಬಂಧಪಟ್ಟಷ್ಟು ಭಾಗ ಮಾತ್ರ 27ರ ಅಡಿ ಉಳಿಯುತ್ತದೆ. ಆದ್ದರಿಂದ ನನ್ನ ಕೊನೆಯ ಅಧ್ಯಾಯಗಳು ಗಿರವಿ ಅಂಗಡಿಯ ಲೆಡ್ಜರಿನ ಮೇಲೆ, ಒಂದು ಜೊತೆ ಓಲೆಯ ಮೇಲೆ, ಮಹಜರಿಗೆ ಸಾಕ್ಷಿಯಾಗಿ ಸಹಿ ಹಾಕಿದ ಇಬ್ಬರು ಪಂಚರ ಮೇಲೆ ನಿಂತಿವೆ. ಪಂಚರು ಕಟ್ಟೆ ಹತ್ತಿ “ಖಾಲಿ ಹಾಳೆಗೆ ಸಹಿ ಹಾಕಿಸಿಕೊಂಡರು” ಎಂದು ತಿರುಗಿ ಬೀಳುವುದನ್ನು ನಾನು ಎಷ್ಟು ಸಲ ನೋಡಿದ್ದೇನೆಂದರೆ, ಆ ದೃಶ್ಯ ಬರೆಯಲು ನನಗೆ ಒಂದು ಬೆಳಗು ಸಾಕಾಯಿತು. 2024ರ ಜುಲೈ 1ರಿಂದ ಈ ಕಾಯ್ದೆಗಳ ಹೆಸರುಗಳೂ ಕಲಮುಗಳ ಸಂಖ್ಯೆಗಳೂ ಬದಲಾಗಿವೆ. ಕಥೆ 2008ರದ್ದಾದ್ದರಿಂದ ಹಳೆಯವನ್ನೇ ಉಳಿಸಿಕೊಂಡಿದ್ದೇನೆ.

ಮೊದಲ ಕರಡಿನಲ್ಲಿ ಏಳು ಹುಡುಗಿಯರಿದ್ದರು. ಪ್ರಕಟಣೆಗಳ ಭಾಷೆಯನ್ನು ದೂರುತ್ತಲೇ ನಾನೂ ಅದನ್ನೇ ಮಾಡುತ್ತಿದ್ದೇನೆ, ಅವರಲ್ಲಿ ಮೂವರ ಹೆಸರು ನನಗೇ ಅದಲುಬದಲಾಗುತ್ತಿದೆ ಎಂದು ತಿಳಿದ ದಿನ ನಾಲ್ಕಕ್ಕೆ ಇಳಿಸಿದೆ. ಪ್ರತಿಯೊಬ್ಬಳಿಗೂ ಒಂದು ಸಾಧಾರಣ ದಿನದ ಅಧ್ಯಾಯ ಕೊಟ್ಟೆ: ಒಬ್ಬಳು ಹೊಲಿಗೆ ಕಲಿಯುತ್ತಾಳೆ, ಒಬ್ಬಳು ಗಣಿತದಲ್ಲಿ ಎರಡನೆಯ ಸಲ ನಪಾಸಾಗಿದ್ದಾಳೆ, ಒಬ್ಬಳಿಗೆ ಒಂದು ರೂಪಾಯಿಯ ಕಾಯಿನ್ ಬೂತಿನಿಂದ ಆಕಾಶವಾಣಿಯ ಕೋರಿಕೆ ಕಾರ್ಯಕ್ರಮಕ್ಕೆ ಫೋನು ಮಾಡುವ ಹುಚ್ಚು. ಶವಗಳ ವರ್ಣನೆಯನ್ನು ಪೂರ್ತಿ ತೆಗೆದೆ. ಓದುಗರಿಗೆ ಕಾಣುವುದು ಗಿರಿಜಮ್ಮ ಓದುವ ವರದಿ ಮಾತ್ರ. ಪ್ರಕಾಶಕರೊಬ್ಬರು ‘ರೋಚಕತೆ ಸಾಲದು’ ಎಂದು ಹಸ್ತಪ್ರತಿಯನ್ನು ಹಿಂದಿರುಗಿಸಿದ್ದು ಇದೇ ಕಾರಣಕ್ಕೆ.

ಹಸ್ತಪ್ರತಿಯನ್ನು ಓದಿದ ನಿವೃತ್ತ ಸಬ್ ಇನ್‌ಸ್ಪೆಕ್ಟರರೊಬ್ಬರು ಪೆನ್ಸಿಲಿನಲ್ಲಿ ಮೂವತ್ತಕ್ಕೂ ಹೆಚ್ಚು ತಪ್ಪು ಗುರುತಿಸಿದರು. ಪತ್ತೆಯಾಗದ ಪ್ರಕರಣಕ್ಕೆ ನಾನು ‘ಬಿ’ ರಿಪೋರ್ಟ್ ಹಾಕಿಸಿದ್ದೆ. “ಅಮ್ಮಾ, ಬಿ ಅಂದರೆ ಪ್ರಕರಣವೇ ಸುಳ್ಳು ಅಂತ. ಪತ್ತೆಯಾಗಲಿಲ್ಲ ಅಂದರೆ ಸಿ. ಕೋರ್ಟಿನಲ್ಲಿ ಇದ್ದವರು ನೀವು!” ಎಂದು ನಕ್ಕರು. ನಾಚಿಕೆಯಾಯಿತು, ಆದರೆ ಆ ತಪ್ಪೇ ಒಂದು ಒಳ್ಳೆಯ ಪ್ರಸಂಗ ಕೊಟ್ಟಿತು: ಸಬ್ ಇನ್‌ಸ್ಪೆಕ್ಟರನು ‘ಬಿ’ ಹಾಕಲು ಹೊರಟದ್ದನ್ನು ಗಿರಿಜಮ್ಮ ‘ಸಿ’ ಹಾಕಿಸಿ, ಕಡತ ಮತ್ತೆ ತೆರೆಯುವ ಬಾಗಿಲನ್ನು ಉಳಿಸಿಕೊಳ್ಳುತ್ತಾಳೆ.

ಮೂವತ್ತೊಂದು ವರ್ಷ ಕಾಗದ ನೋಡಿದ ನನ್ನ ಕಣ್ಣಿಗೂ, ಅವರ ಪೆನ್ಸಿಲಿಗೂ ತಪ್ಪಿಸಿಕೊಂಡದ್ದು ಇನ್ನೊಂದಿತ್ತು. ಪುಸ್ತಕ ಹೊರಬಂದ ತಿಂಗಳೊಳಗೆ ಓದುಗರೊಬ್ಬರು ಪತ್ರ ಬರೆದರು: ಮೂರನೆಯ ಅಧ್ಯಾಯದಲ್ಲಿ ದೂರಿಗೆ ಹೆಬ್ಬೆಟ್ಟು ಒತ್ತುವ ತಂದೆ, ಹತ್ತೊಂಬತ್ತನೆಯ ಅಧ್ಯಾಯದಲ್ಲಿ ಮಗಳ ಓಲೆಯನ್ನು ಗುರುತಿಸಿ ಹೇಳಿಕೆಗೆ ದುಂಡಗೆ ಸಹಿ ಹಾಕುತ್ತಾನೆ, ಇದರ ಹಿಂದೆ ಏನೋ ಸುಳಿವಿದೆಯೆಂದು ಕೊನೆಯ ಪುಟದವರೆಗೂ ಕಾದೆ, ಸಿಗಲಿಲ್ಲ. ಎರಡನೆಯ ಮುದ್ರಣದಲ್ಲಿ ಅವನು ಎರಡೂ ಕಡೆ ಹೆಬ್ಬೆಟ್ಟು ಒತ್ತುತ್ತಾನೆ.