ಒಂಬತ್ತು ಜನ ಒಂದು ಮನೆ, ಹತ್ತನೆಯವನು ಬೇರೆ

ಭರಮಸಾಗರದ ಹತ್ತಿರದ ನಮ್ಮ ಊರಿನಲ್ಲಿ ಹೈಬ್ರಿಡ್ ಹತ್ತಿಯ ಬೀಜ ಬೆಳೆಸುತ್ತಿದ್ದ ಕಾಲ ಅದು. ರಜೆ ಬಂತೆಂದರೆ ನಾನೂ ಅವ್ವನ ಹಿಂದೆ ಕ್ರಾಸಿಂಗ್ ಕೆಲಸಕ್ಕೆ, ಅಂದರೆ ಒಂದು ತಳಿಯ ಪರಾಗವನ್ನು ಇನ್ನೊಂದು ತಳಿಯ ಹೂವಿಗೆ ಕೈಯಿಂದ ಸವರುವ ಕೆಲಸಕ್ಕೆ ಹೋಗುತ್ತಿದ್ದೆ. ಮಧ್ಯಾಹ್ನ ಊಟ ಮುಗಿಸಿ ಸಾಲು ಹಿಡಿಯಬೇಕು. ನಾಳೆ ಬೆಳಿಗ್ಗೆ ಅರಳಲಿರುವ ಮೊಗ್ಗು ಯಾವುದು ಎಂಬುದು ನೋಡಿದ ತಕ್ಷಣ ತಿಳಿಯಬೇಕು: ಬಿಳಿ ಎಸಳು ಸುರುಳಿ ಸುತ್ತಿಕೊಂಡು ಹಸಿರು ಹೊದಿಕೆಯಿಂದ ಮೇಲೆ ಬಂದಿರುತ್ತದೆ. ಎಸಳಿನ ಬುಡಕ್ಕೆ ಹೆಬ್ಬೆರಳಿನ ಉಗುರು ಹಾಕಿ ಸುತ್ತಲೂ ಸೀಳಿ, ಸ್ವಲ್ಪ ತಿರುಚಿ ಎಳೆದರೆ ಎಸಳು, ಪರಾಗ ಹೊರುವ ಗಂಡು ಕೇಸರ ಎಲ್ಲವೂ ಕುಲಾವಿಯಂತೆ ಒಂದೇ ಸಲಕ್ಕೆ ಕಳಚಿ ಬರುತ್ತದೆ. ಒಳಗೆ ಉಳಿಯುವುದು ಎಳೆ ಕಾಯಿ ಮತ್ತು ಅದರ ತುದಿಯ ಬಿಳಿ ಕಡ್ಡಿ. ಅದಕ್ಕೆ ಕೆಂಪು ಕಾಗದದ ಚೀಲ ಹಾಕಿ ಮುಂದಿನ ಗಿಡಕ್ಕೆ ಹೋಗುವುದು. ಮರುದಿನ ಬೆಳಿಗ್ಗೆ ಗಂಡು ಸಾಲಿನ ಹೂವನ್ನು ತಂದು ಸವರಿದರೆ ಒಂದು ಹೂವಿನಲ್ಲಿ ನಾಲ್ಕೈದು ಮೊಗ್ಗಿಗೆ ಆಗುತ್ತಿತ್ತು. ತೊಟ್ಟಿಗೆ ದಾರ ಕಟ್ಟಿದರೆ ಆ ಕಾಯಿ ಲೆಕ್ಕಕ್ಕೆ ಸೇರಿದಂತೆ.

ಒಂದೇ ಒಂದು ಕೇಸರ ಉಳಿದರೂ ಮೇಸ್ತ್ರಿ ಮೊಗ್ಗನ್ನೇ ಕಿತ್ತೆಸೆಯುತ್ತಿದ್ದ. ಹಾಗೆ ಕಿತ್ತ ಮೊಗ್ಗುಗಳ ಲೆಕ್ಕ ಕೂಲಿಯಲ್ಲಿ ಹಿಡಿಯುತ್ತಿದ್ದರು. ಸಾಲಿನಲ್ಲಿ ನನ್ನ ವಯಸ್ಸಿನ ಹುಡುಗಿಯರೇ ಹೆಚ್ಚಿದ್ದರು, ಅವರಲ್ಲಿ ಹಲವರಿಗೆ ರಜೆ ಮುಗಿಯುತ್ತಲೇ ಇರಲಿಲ್ಲ. ಸುರತ್‌ನಲ್ಲಿ ಸಿ. ಟಿ. ಪಟೇಲರು 1970ರಲ್ಲಿ ಕೊಟ್ಟ ಎಚ್-4, ಧಾರವಾಡದಲ್ಲಿ ಕಟರಕಿಯವರು 1972ರಲ್ಲಿ ಕೊಟ್ಟ ವರಲಕ್ಷ್ಮಿ, ಆಮೇಲೆ ಬಂದ ಹತ್ತಾರು ತಳಿಗಳು, ಎಲ್ಲವೂ ಇಂಥ ಉಗುರುಗಳ ಮೇಲೆ ನಿಂತವು ಎಂದು ನಾನು ಓದಿದ್ದು ಬಹಳ ತಡವಾಗಿ.

ಪಿಯುಸಿಗೆ ವಿಜ್ಞಾನ ತೆಗೆದುಕೊಂಡು ದಾವಣಗೆರೆಗೆ ಬಂದೆ. ಹತ್ತನೆಯ ತರಗತಿಯವರೆಗೆ ಕನ್ನಡ ಮಾಧ್ಯಮ, ಇಲ್ಲಿ ಎಲ್ಲವೂ ಇಂಗ್ಲಿಷ್. ಪ್ರಯೋಗಾಲಯದಲ್ಲಿ ಕೆಂಪು ದಾಸವಾಳ ಕೊಟ್ಟು ಕೇಸರಗಳ ಬಗ್ಗೆ ಹೇಳು ಎಂದರು. ಮೊನಡೆಲ್ಫಸ್ ಎನ್ನಬೇಕಿತ್ತು. ನಾನು ಬಾಯಿ ಬಿಡಲಿಲ್ಲ. ಸಾವಿರಾರು ಸಲ ಉಗುರಿನಿಂದ ಕಿತ್ತದ್ದೇ ಅದು ಎಂದು ಆಗ ಹೊಳೆಯಲೇ ಇಲ್ಲ. ಹತ್ತಿ, ದಾಸವಾಳ, ಬೆಂಡೆ ಒಂದೇ ಕುಟುಂಬದವು. ಅವುಗಳ ಕೇಸರದ ದಂಡಗಳೆಲ್ಲ ಕೂಡಿ ಒಂದು ನಳಿಕೆಯಾಗಿವೆ, ಆ ನಳಿಕೆ ಎಸಳಿನ ಬುಡಕ್ಕೆ ಬೆಸೆದುಕೊಂಡಿದೆ. ಅದಕ್ಕೇ ಎಸಳು ಎಳೆದರೆ ಒಂದೂ ಬಿಡದಂತೆ ಎಲ್ಲವೂ ಜೊತೆಗೆ ಬರುವುದು. ಕೇಸರಗಳು ಬಿಡಿಬಿಡಿಯಾಗಿದ್ದರೆ ಆ ಕೆಲಸ ಇಷ್ಟು ಸಲೀಸಾಗಿ ಆಗುತ್ತಿರಲಿಲ್ಲ.

ಈಗ ನಾನೇ ಜೀವಶಾಸ್ತ್ರ ಕಲಿಸುತ್ತೇನೆ. ಮೊದಲ ಕೆಲವು ವರ್ಷ ನನಗೆ ಕಲಿಸಿದಂತೆಯೇ ಕಲಿಸಿದೆ: ಕೇಸರಗಳೆಲ್ಲ ಒಂದೇ ಕಟ್ಟಾದರೆ ಮೊನಡೆಲ್ಫಸ್, ದಾಸವಾಳ; ಎರಡಾದರೆ ಡೈಅಡೆಲ್ಫಸ್, ಬಟಾಣಿ; ಹಲವಾದರೆ ಪಾಲಿಅಡೆಲ್ಫಸ್, ನಿಂಬೆ. ಪಠ್ಯದಲ್ಲಿರುವುದು ಈ ಮೂರೇ ಉದಾಹರಣೆ, ನೀಟ್ ಪರೀಕ್ಷೆಗೆ ಸಾಕು. ಮಕ್ಕಳು ಒಂದೇ ಉಸಿರಿನಲ್ಲಿ ಒಪ್ಪಿಸುತ್ತಿದ್ದರು. ಬೆಂಡೆಹೂ ಕೈಗೆ ಕೊಟ್ಟು ಕೇಳಿದರೆ ಮುಖ ಮುಖ ನೋಡಿಕೊಳ್ಳುತ್ತಿದ್ದರು.

ದಾರಿ ತೋರಿಸಿದ್ದು ಒಂದು ನಿಘಂಟು. ಅಡೆಲ್ಫೋಸ್ ಎಂದರೆ ಗ್ರೀಕ್ ಭಾಷೆಯಲ್ಲಿ ಅಣ್ಣತಮ್ಮ ಎಂಬುದು ಗೊತ್ತಿತ್ತು. ಆ ಪದವನ್ನು ಒಡೆದರೆ ಸಿಗುವ ಅರ್ಥ ಗೊತ್ತಿರಲಿಲ್ಲ: ಡೆಲ್ಫುಸ್ ಎಂದರೆ ಗರ್ಭ, ಮೊದಲಿನ ಅ ಎಂದರೆ ಅದೇ, ಜೊತೆಯ. ಒಂದೇ ಗರ್ಭದವರು. ನಮ್ಮ ಸಹೋದರ ಎಂಬ ಪದವೂ ಅದೇ ಅಲ್ಲವೇ? ಸಹ, ಉದರ. ಒಡಹುಟ್ಟಿದವರು ಎಂದರೂ ಅದೇ. ದಿನವೂ ಬಾಯಲ್ಲಿ ಆಡುವ ಮಾತನ್ನೇ ಸ್ವೀಡನ್ನಿನ ಸಸ್ಯಶಾಸ್ತ್ರಜ್ಞ ಲಿನೇಯಸ್ ಗ್ರೀಕಿನಲ್ಲಿ ಹೇಳಿ ಹೋಗಿದ್ದ. 1735ರಲ್ಲಿ ಅವನು ಗಿಡಗಳನ್ನು ಕೇಸರಗಳ ಎಣಿಕೆ, ಉದ್ದ, ಕೂಡಿಕೆ ನೋಡಿ 24 ವರ್ಗಗಳಾಗಿ ಹಂಚಿದಾಗ 16ನೆಯದು ಒಂದೇ ಸಹೋದರ ಗುಂಪಿನವು, 17ನೆಯದು ಎರಡು ಗುಂಪಿನವು, 18ನೆಯದು ಹಲವು ಗುಂಪಿನವು. ವರ್ಗೀಕರಣ ಎಂದೋ ಮೂಲೆ ಸೇರಿತು. ಹೆಸರುಗಳು ಮಾತ್ರ ನಮ್ಮ ಮಕ್ಕಳ ತಲೆಯ ಮೇಲೆ ಉಳಿದವು.

ಅಂದಿನಿಂದ ಪಾಠ ಆರಂಭವಾಗುವುದು ಕಪ್ಪುಹಲಗೆಯ ಮೇಲೆ ಬರೆದ ಸಹೋದರ ಎಂಬ ಪದದಿಂದ. ಒಂದು ಮನೆಯಲ್ಲಿ ಎಲ್ಲ ಅಣ್ಣತಮ್ಮಂದಿರು ಕೂಡಿ ಇದ್ದಾರೆ, ಅದು ದಾಸವಾಳ. ಇನ್ನೊಂದರಲ್ಲಿ ಒಂಬತ್ತು ಜನ ಕೂಡಿದ್ದಾರೆ, ಹತ್ತನೆಯವನು ಹಿಸ್ಸೆ ತೆಗೆದುಕೊಂಡು ಬೇರೆಯಾಗಿದ್ದಾನೆ, ಅದು ತೊಗರಿ. ಹಿಸ್ಸೆ ಎಂದ ಕೂಡಲೇ ಹಿಂದಿನ ಬೆಂಚಿನವರೂ ನಗುತ್ತಾರೆ. ಹೊಲದ ಪಾಲಿನ ಜಗಳ ನೋಡದ ಮಗು ನಮ್ಮ ಕಡೆ ಇಲ್ಲ.

ಹೂಗಳನ್ನು ಹೊಂದಿಸಿಕೊಳ್ಳುವುದರಲ್ಲೂ ನಾನು ಪೆಟ್ಟು ತಿಂದಿದ್ದೇನೆ. ಒಂದು ವರ್ಷ ಮನೆಯಿಂದಲೇ ದಾಸವಾಳ ತನ್ನಿ ಎಂದೆ. ಅರ್ಧ ತರಗತಿ ಮುದ್ದೆ ದಾಸವಾಳ ತಂದಿತು, ಎಸಳಿನ ಮೇಲೆ ಎಸಳು. ಅದರಲ್ಲಿ ಕೇಸರಗಳೇ ಎಸಳಾಗಿ ಬದಲಾಗಿರುತ್ತವೆ, ನಳಿಕೆ ಹುಡುಕಿದರೂ ಸರಿಯಾಗಿ ಸಿಗುವುದಿಲ್ಲ. ನಲವತ್ತು ನಿಮಿಷ ಹಾಗೇ ಹೋಯಿತು. ಆಮೇಲೆ ಐದೆಸಳಿನದೇ ಬೇಕು ಎಂದು ಹಿಂದಿನ ದಿನವೇ ಹಲಗೆಯ ಮೇಲೆ ಬರೆಯುತ್ತೇನೆ. ದಾಸವಾಳ ಸಿಕ್ಕಿದ ಮೇಲೆ ಕೆಲಸ ಸುಲಭ: ನಳಿಕೆಯನ್ನು ಬ್ಲೇಡಿನಿಂದ ಉದ್ದಕ್ಕೆ ಸೀಳಿದರೆ ಒಳಗೆ ಶಲಾಕೆಯ, ಅಂದರೆ ಹೂವಿನ ಹೆಣ್ಣು ಭಾಗದ, ಕಡ್ಡಿ ಸಡಿಲವಾಗಿ ನಿಂತಿರುವುದು ಕಾಣುತ್ತದೆ, ತುದಿಯಲ್ಲಿ ಅದು ಐದಾಗಿ ಕವಲೊಡೆದಿರುತ್ತದೆ. ಕೇಸರದ ತಲೆಗಳು ಮಾತ್ರ ಒಂದಕ್ಕೊಂದು ಅಂಟಿಲ್ಲ ಎಂದು ಅವರೇ ಹೇಳುವವರೆಗೆ ಕಾಯುತ್ತೇನೆ. ಬುಡ ಒಂದು, ತಲೆ ಬೇರೆ.

ತೊಗರಿಗೆ ತಾಳ್ಮೆ ಬೇಕು. ಮೇಲಿನ ಧ್ವಜದ ಎಸಳು, ಪಕ್ಕದ ಎರಡು ರೆಕ್ಕೆ ತೆಗೆದು, ದೋಣಿಯಂತಿರುವ ಕೆಳಗಿನ ಎಸಳನ್ನು ಸೂಜಿಯಿಂದ ಬಿಡಿಸಬೇಕು. ಒಂಬತ್ತು ದಂಡಗಳ ನಳಿಕೆ ಎಳೆ ಕಾಯಿಯನ್ನು ಸುತ್ತಿರುತ್ತದೆ. ಹತ್ತನೆಯದು ಧ್ವಜದ ಕಡೆ ಬಿಡಿಯಾಗಿ ನಿಂತಿರುತ್ತದೆ. ಅದು ಯಾಕೆ ಬೇರೆಯಾಯಿತು ಎಂದು ಕೇಳಿದರೆ ಅದರ ಬುಡದಲ್ಲೇ ಉತ್ತರವಿದೆ: ಎರಡೂ ಪಕ್ಕದಲ್ಲಿ ಸಣ್ಣ ಕಿಂಡಿ, ಒಳಗೆ ಮಕರಂದ. ಜೇನುನೊಣದ ನಾಲಿಗೆ ಇಳಿಯುವುದು ಅಲ್ಲಿಂದಲೇ. ಹತ್ತೂ ಕೂಡಿದ್ದರೆ ಬಾಗಿಲು ಮುಚ್ಚುತ್ತಿತ್ತು. ತೊಗರಿ ಹೂವಿಲ್ಲದ ತಿಂಗಳಲ್ಲಿ ತರಕಾರಿ ಮಾರುಕಟ್ಟೆಯಿಂದ ಹಸಿ ಬಟಾಣಿ ತರುತ್ತೇನೆ. ಕಾಯಿಯ ತೊಟ್ಟಿನ ಬಳಿ ಒಣಗಿ ಸುಕ್ಕಾದ ಕೇಸರಗಳು ಇನ್ನೂ ಅಂಟಿಕೊಂಡಿರುವುದುಂಟು. ಅಡುಗೆಮನೆಯಲ್ಲಿ ಇಷ್ಟು ವರ್ಷ ಕಸವೆಂದು ಕಿತ್ತೆಸೆದದ್ದು ಇದೇ.

ಇಷ್ಟು ಹೇಳಿದ ಮೇಲೆ ದ್ವಿದಳ ಧಾನ್ಯ ಎಂದರೆ ಒಂಬತ್ತು ಮತ್ತು ಒಂದು ಎಂಬುದು ಮಕ್ಕಳಿಗೆ ಗಟ್ಟಿಯಾಗುತ್ತದೆ. ಆಗ ಶೇಂಗಾ ಹೂ ಕೊಡುತ್ತೇನೆ. ಚಳ್ಳಕೆರೆ ಕಡೆಯ ಮಕ್ಕಳಿಗೆ ಇದಕ್ಕಿಂತ ಪರಿಚಿತ ಗಿಡ ಬೇರೆ ಇಲ್ಲ. ಹೂ ಬೆಳಗಿನ ಜಾವ ಅರಳಿ ಬಿಸಿಲೇರಿದರೆ ಬಾಡುತ್ತದೆ, ಆದ್ದರಿಂದ ಹೊಲದಿಂದ ಬರುವ ಹುಡುಗನೊಬ್ಬ ಒದ್ದೆ ಬಟ್ಟೆಯಲ್ಲಿ ಸುತ್ತಿ ಮೊದಲ ಪಿರಿಯಡ್‌ಗೇ ತಂದುಕೊಡಬೇಕು. ಎಲ್ಲರೂ ನೋಡುವ ಮೊದಲೇ ಡೈಅಡೆಲ್ಫಸ್ ಎಂದು ಬರೆದುಬಿಡುತ್ತಾರೆ. ಸೂಜಿ ಹಾಕಿ ನೋಡಿದರೆ ಬೇರೆಯಾದವನು ಇಲ್ಲ! ಶೇಂಗಾದಲ್ಲಿ ಎಲ್ಲರೂ ಒಂದೇ ನಳಿಕೆ. ಹತ್ತರಲ್ಲಿ ಎರಡು ಸಾಮಾನ್ಯವಾಗಿ ಬಂಜೆಯಾಗಿರುತ್ತವೆ, ಉಳಿದ ಎಂಟರ ತಲೆಗಳಲ್ಲಿ ಕೆಲವು ಉದ್ದ, ಕೆಲವು ಗುಂಡು. ಹಸಿರೆಲೆ ಗೊಬ್ಬರದ ಅಪ್ಸೆಣಬೂ ಹೀಗೆಯೇ, ಹತ್ತೂ ಒಂದು ಕಟ್ಟು. ಒಬ್ಬಳು ಸಿಟ್ಟಿನಿಂದ, “ಮೇಡಂ, ಹಾಗಾದರೆ ಪುಸ್ತಕ ಸುಳ್ಳೇ?” ಎಂದಳು. ಪುಸ್ತಕ ಬಟಾಣಿಯ ಬಗ್ಗೆ ಮಾತ್ರ ಹೇಳಿದೆ, ಮಿಕ್ಕದ್ದನ್ನು ಸೇರಿಸಿದವರು ನಾವು ಎಂದೆ. 1753ರ ಗ್ರಂಥದಲ್ಲಿ ಲಿನೇಯಸ್ ಕೂಡ ಶೇಂಗಾವನ್ನು ಎರಡು ಸಹೋದರ ಗುಂಪಿನ ವರ್ಗದಲ್ಲೇ ಇಟ್ಟಿದ್ದಾನೆ ಎಂದು ಹೇಳಿದಾಗ ಅವಳ ಸಿಟ್ಟು ಇಳಿಯಿತು.

ಸೂರ್ಯಕಾಂತಿ ತಲೆಕೆಳಗಾದ ದಾಸವಾಳ. ಇಲ್ಲಿ ದಂಡಗಳು ಬಿಡಿ, ಪರಾಗಕೋಶಗಳು ಕೂಡಿ ಕೊಳವೆಯಾಗಿವೆ. ಬುಡ ಬೇರೆ, ತಲೆ ಒಂದು. ಸಿಂಜೆನೀಷಿಯಸ್ ಎಂಬ ಉದ್ದ ಹೆಸರಿಗಿಂತ ಈ ನಾಲ್ಕು ಪದ ಮಕ್ಕಳ ನೆನಪಿನಲ್ಲಿ ಉಳಿಯುತ್ತವೆ. ತೆನೆಯ ನಡುವಿನ ಒಂದು ಪುಟ್ಟ ಹೂವನ್ನು ಚಿಮಟಿಗೆಯಲ್ಲಿ ಹಿಡಿದು ಭೂತಗನ್ನಡಿಯಲ್ಲಿ ನೋಡಿದರೆ, ಶಲಾಕೆ ಆ ಕೊಳವೆಯೊಳಗಿಂದ ಮೇಲೇಳುತ್ತಾ ಪರಾಗವನ್ನು ಹೊರಕ್ಕೆ ತಳ್ಳಿರುವುದು ಕಾಣುತ್ತದೆ, ಮಕ್ಕಳು ಆಡುವ ಪಿಚಕಾರಿಯಂತೆ. ಹತ್ತಿಯಲ್ಲಿ ಆದ ಉಗುರಿನ ಕೆಲಸ ಇಲ್ಲಿ ಆಗದು. ಒಂದು ತೆನೆಯಲ್ಲಿ ನೂರಾರು ಹೂ, ಪ್ರತಿಯೊಂದರಲ್ಲೂ ಅಂಟಿದ ಕೊಳವೆ, ಯಾವ ಕೂಲಿಯವಳೂ ಬಿಡಿಸಲಾರಳು. ಆದ್ದರಿಂದ ಸೂರ್ಯಕಾಂತಿ ಹೈಬ್ರಿಡ್‌ಗೆ ಪರಾಗವೇ ಬಾರದ ಗಿಡ ಬೇಕಾಯಿತು. ಫ್ರಾನ್ಸಿನ ಲೆಕ್ಲೆರ್ಕ್ ಅಂಥದ್ದನ್ನು 1969ರಲ್ಲಿ ಪ್ರಕಟಿಸಿದರು, ಬೆಂಗಳೂರಿನಿಂದ ಬಿಎಸ್‌ಎಚ್-1 ಎಂಬ ಹೈಬ್ರಿಡ್ ಬಂದದ್ದು 1980ರಲ್ಲಿ. ನಮ್ಮ ಜಿಲ್ಲೆಯ ಹೊಲಗಳು ಹಳದಿಯಾದದ್ದರ ಹಿಂದೆ ಈ ಕಥೆ ಇದೆ ಎಂದರೆ ಹಿಂದಿನ ಬೆಂಚೂ ಕಿವಿ ಕೊಡುತ್ತದೆ.

ಕುಂಬಳದ ಗಂಡು ಹೂವನ್ನು ಬುಡ ಮತ್ತು ತಲೆ ಎರಡೂ ಕೂಡಿದ್ದಕ್ಕೆ ಉದಾಹರಣೆಯಾಗಿ ಕೊಡುತ್ತಾರೆ. ನಾನು ಅದನ್ನು ಸ್ವಲ್ಪ ಎಚ್ಚರಿಕೆಯಿಂದ ಹೇಳುತ್ತೇನೆ, ಏಕೆಂದರೆ ಬುಡದಲ್ಲಿ ಬಗ್ಗಿ ನೋಡಿದರೆ ಸಂದುಗಳು ಕಾಣುತ್ತವೆ. ತುಂಬೆ, ತುಳಸಿಯಲ್ಲಿ ಎರಡು ಉದ್ದ ಎರಡು ಗಿಡ್ಡ, ಸಾಸಿವೆಯಲ್ಲಿ ನಾಲ್ಕು ಉದ್ದ ಎರಡು ಗಿಡ್ಡ: ಇವು ಕೂಡಿಕೆಯಲ್ಲ, ಬರೀ ಅಳತೆ, ಅರ್ಧ ಪಿರಿಯಡ್ ಸಾಕು. ಶನಿವಾರ ಆಂಜನೇಯನಿಗೆ ಹಾರ ಮಾಡುವ ಎಕ್ಕದ ಹೂವಿನಲ್ಲಿ ಕೇಸರಗಳು ಶಲಾಕೆಯ ತುದಿಗೇ ಬೆಸೆದುಕೊಂಡಿರುತ್ತವೆ. ಸೂಜಿಯ ತುದಿ ಆಡಿಸಿದರೆ ಪರಾಗ ಪುಡಿಯಾಗದೆ ಜೋಡಿ ಚೀಲದಂತೆ ಎದ್ದು ಬರುತ್ತದೆ. ಕಾಲೇಜಿನ ಕಾಂಪೌಂಡ್ ಪಕ್ಕದಲ್ಲೇ ಎಕ್ಕವಿದೆ, ಆದರೆ ಹಾಲು ಕಣ್ಣಿಗೆ ತಾಗದಂತೆ ನೋಡಿಕೊಳ್ಳಬೇಕು.

ಹಲವು ಗುಂಪಿನವೇ ತಲೆನೋವು. ನಿಂಬೆಯಲ್ಲಿ ಒಂದು ಹೂವಿಗೆ ನಾಲ್ಕು ಕಟ್ಟು ಬಂದರೆ ಪಕ್ಕದವಳಿಗೆ ಆರು ಬರುತ್ತದೆ, ಇಬ್ಬರೂ ಜಗಳಕ್ಕೆ ನಿಲ್ಲುತ್ತಾರೆ. ಕೆಲವರು ಎಳೆದು ಹರಿದು ತಾವೇ ಹೊಸ ಕಟ್ಟು ಮಾಡಿರುತ್ತಾರೆ. ಹರಿದ ಅಂಚು ಜುಂಗು ಜುಂಗಾಗಿರುತ್ತದೆ, ಹುಟ್ಟಿನಿಂದ ಬೇರೆಯಾದ ಅಂಚು ನುಣುಪಾಗಿರುತ್ತದೆ: ಇಷ್ಟನ್ನು ಮೊದಲೇ ಹೇಳಿದರೆ ಜಗಳ ಅರ್ಧ ಕಡಿಮೆಯಾಗುತ್ತದೆ. ನನ್ನ ಮೆಚ್ಚಿನದು ಬದುವಿನ ಹರಳು ಗಿಡ. ಗೊಂಚಲಿನ ಕೆಳಗೆ ಗಂಡು ಹೂ, ಮೇಲೆ ಹೆಣ್ಣು. ಗಂಡು ಹೂವಿನ ಕೇಸರದ ಕಟ್ಟುಗಳು ಮರದ ಕೊಂಬೆಯಂತೆ ಕವಲೊಡೆದು, ಪ್ರತಿ ತುದಿಯಲ್ಲೂ ಪರಾಗದ ಗುಂಡು ಹೊತ್ತಿರುತ್ತವೆ. ಅದನ್ನು ಸೂಕ್ಷ್ಮದರ್ಶಕದ ಅಡಿಯಲ್ಲಿ ನೋಡಿದವರು ಎದ್ದು ಬೇರೆಯವರಿಗೆ ಜಾಗ ಬಿಡುವುದಿಲ್ಲ.

ಕಳೆದ ಬೇಸಿಗೆಯ ಮುಂಚೆ ಊರಿಗೆ ಹೋದಾಗ ದಾರಿಬದಿಯ ಬೂರುಗದ ಮರ ಎಲೆ ಕಳಚಿ ಕೆಂಪಾಗಿ ನಿಂತಿತ್ತು. ಕೆಳಗೆ ಬಿದ್ದ ಹೂಗಳನ್ನು ಒಂದು ಚೀಲ ತುಂಬಿಸಿ ತಂದು ಕಿರುಪರೀಕ್ಷೆಗೆ ಇಟ್ಟೆ. ಕೇಸರಗಳ ಹೊರಸುತ್ತಿನಲ್ಲಿ ಐದು ಕಟ್ಟು, ನಡುವೆ ಮತ್ತೊಂದು ಗುಂಪು. ಪಾಲಿಅಡೆಲ್ಫಸ್ ಎಂದು ಬರೆದವರಿಗೆಲ್ಲ ಅಂಕ ಕೊಟ್ಟೆ. ಒಬ್ಬ ಹುಡುಗ ಮಾತ್ರ ಬೇರೆ ರೀತಿ ಬರೆದಿದ್ದ: “ಬುಡದಲ್ಲಿ ಗಿಡ್ಡ ನಳಿಕೆ ಇದೆ, ಅಲ್ಲಿ ಎಲ್ಲರೂ ಕೂಡಿದ್ದಾರೆ. ಮೇಲೆ ಬೇರೆ ಬೇರೆ ಆಗಿದ್ದಾರೆ. ದಾಸವಾಳದ ಸಂಬಂಧಿ ಇರಬಹುದು.” ಬೂರುಗವನ್ನು ಹಿಂದೆ ಬೇರೆ ಕುಟುಂಬದಲ್ಲಿ ಇಟ್ಟಿದ್ದರು, ಈಗ ದಾಸವಾಳ, ಹತ್ತಿಯ ಕುಟುಂಬಕ್ಕೇ ಸೇರಿಸಿದ್ದಾರೆ. ಇದನ್ನು ನಾನು ತರಗತಿಯಲ್ಲಿ ಹೇಳಿರಲಿಲ್ಲ. ಅವನನ್ನು ಕರೆದು ಹೇಗೆ ಗೊತ್ತಾಯಿತು ಎಂದು ಕೇಳಿದೆ.

“ಎಸಳು ಹಿಡಿದು ಎಳೆದೆ ಮೇಡಂ, ಕೇಸರ ಎಲ್ಲ ಒಟ್ಟಿಗೆ ಬಂತು. ನಮ್ಮ ಅಮ್ಮ ಹತ್ತಿ ಕ್ರಾಸಿಂಗ್‌ಗೆ ಹೋಗುತ್ತಾಳೆ.”