ಅಕ್ಕನ ಟಿಕಳಿ, ಅಳಿಯನ ಹೆಡ್‌ಶಾಟ್: ಕ್ರಾಸ್‌ಹೇರ್ ಹೊಂದಿಸಿಕೊಳ್ಳುವುದು ಹೀಗೆ

ಊರಿನ ಹೆಸರು ಇನ್ನೂ ಬಿಜಾಪುರ ಎಂದಿದ್ದ ದಿನಗಳು. ಸ್ಟೇಷನ್ ರಸ್ತೆಯ ಹತ್ತಿರದ ಒಂದು ಸೈಬರ್ ಕೆಫೆಯಲ್ಲಿ ತಾಸಿನ ಲೆಕ್ಕದಲ್ಲಿ ರೊಕ್ಕ ಕೊಟ್ಟು ಕೌಂಟರ್-ಸ್ಟ್ರೈಕ್ 1.6 ಎಂಬ ಬಂದೂಕಿನಾಟ ಆಡುತ್ತಿದ್ದೆವು. ಆ ಆಟದಲ್ಲಿ ಸ್ನೈಪರ್ ಬಂದೂಕು ಕೈಗೆ ಬಂದರೆ ಅದರ ದುರ್ಬೀನು, ಅಂದರೆ ಸ್ಕೋಪ್, ತೆರೆಯುವ ತನಕ ಪರದೆಯ ನಡುವೆ ಗುರಿ ತೋರುವ ಗುರುತು, ಅಂದರೆ ಕ್ರಾಸ್‌ಹೇರ್, ಇರುತ್ತಿರಲಿಲ್ಲ. ನಾನು ಅಕ್ಕನ ಟಿಕಳಿ ಪಾಕೀಟಿನಿಂದ ಎಲ್ಲಕ್ಕಿಂತ ಸಣ್ಣದೊಂದನ್ನು ಕದ್ದು, ಪಟ್ಟಿ ಹಿಡಿದು ಅಳೆದು, ಡಬ್ಬಿ ಮಾನಿಟರಿನ ಗಾಜಿನ ನಟ್ಟನಡುವೆ ಅಂಟಿಸಿದೆ. ಮೂರು ದಿನ ರಾಜನಂತೆ ಮೆರೆದೆ. ನಾಲ್ಕನೇ ದಿನ ಪರೀಕ್ಷೆ ಅರ್ಜಿ ತುಂಬಲು ಕೂತವರೊಬ್ಬರು 'ಇದೇನ್ರಿ, ಮಾನಿಟರ್‌ಗೆ ಕೆಂಪ್ ಚುಕ್ಕಿ ಬಂದದ' ಎಂದು ದೂರಿದರು. ಕೆಫೆಯವರು ನನ್ನ ಕೈಯಿಂದಲೇ ಉಗುರಿನಲ್ಲಿ ಕೆರೆಸಿದರು.

ಈಗ ಅದೇ ಅಕ್ಕನ ಮಗ ಪಿಯುಸಿ. 2020ರ ಜೂನ್‌ನಲ್ಲಿ ಬಂದ ವ್ಯಾಲರೆಂಟ್ ಅವನ ಆಟ. ಸೋತ ರಾತ್ರಿ ಮೂರು ಸಲ ಕ್ರಾಸ್‌ಹೇರ್ ಬದಲಿಸುತ್ತಾನೆ. 'ಕುಣೀಲಿಕ್ಕೆ ಬಾರದಾಕಿ ಅಂಗಳ ಡೊಂಕು ಅಂದ್ಲಂತ' ಎಂದು ಅಕ್ಕ ಅಡುಗೆಮನೆಯಿಂದಲೇ ತೀರ್ಪು ಕೊಡುತ್ತಾಳೆ. ಅಕ್ಕನ ಮಾತು ಅರ್ಧ ಸರಿ. ಒಳ್ಳೆಯ ಕ್ರಾಸ್‌ಹೇರ್ ಯಾರಿಗೂ ಗುರಿ ಕಲಿಸುವುದಿಲ್ಲ. ಕೆಟ್ಟದ್ದು ಮಾತ್ರ ಬರುವ ಗುರಿಯನ್ನೂ ಕೆಡಿಸುತ್ತದೆ. ಅಂಗಳ ನಿಜವಾಗಿಯೂ ಡೊಂಕಿದ್ದರೆ ಅದನ್ನು ಒಮ್ಮೆ ಸರಿ ಮಾಡಿಕೊಂಡು, ಆಮೇಲೆ ಕುಣಿಯುವುದನ್ನು ಕಲಿಯಬೇಕು. ಆ ಒಮ್ಮೆಯ ಕೆಲಸಕ್ಕೆ ಅರ್ಧ ತಾಸು ಸಾಕು.

ಶುರು ಮಾಡುವ ಮೊದಲು

ವ್ಯಾಲರೆಂಟ್‌ನಲ್ಲಿ ಸೆಟ್ಟಿಂಗ್ಸ್ ತೆರೆದರೆ ಮೇಲ್ಸಾಲಿನಲ್ಲೇ ಕ್ರಾಸ್‌ಹೇರ್ ಎಂಬ ವಿಭಾಗ ಇದೆ. ಈಗಿರುವ ಪ್ರೊಫೈಲ್ ಅನ್ನು ಮುಟ್ಟಬೇಡಿ. ಹೊಸದೊಂದನ್ನು ಮಾಡಿ, ಅದಕ್ಕೊಂದು ಹೆಸರಿಟ್ಟು ಅದರಲ್ಲೇ ಕೈಯಾಡಿಸಿ. ಹಳೆಯದನ್ನು ಅಳಿಸಿ 'ಮೊದಲಿಂದೇ ಛಲೋ ಇತ್ತು ಮಾಮಾ' ಎಂದು ಅತ್ತವನನ್ನು ನಾನು ನೋಡಿದ್ದೇನೆ. ಪರದೆಯ ರೆಸಲ್ಯೂಶನ್, ಅಂದರೆ ಅಡ್ಡ ಎಷ್ಟು ಉದ್ದ ಎಷ್ಟು ಚುಕ್ಕೆ ಎಂಬ ಲೆಕ್ಕವನ್ನೂ ಮೊದಲೇ ಗಟ್ಟಿ ಮಾಡಿಕೊಳ್ಳಿ. ಇವತ್ತು ಒಂದು, ನಾಳೆ ಇನ್ನೊಂದು ಅಂತಾದರೆ ಇವತ್ತು ಕೂಡಿಸಿದ ಗೆರೆ ನಾಳೆ ಬೇರೆಯೇ ದಪ್ಪ ಕಾಣುತ್ತದೆ. ಗೆಳೆಯನ ದೊಡ್ಡ ಮಾನಿಟರಿನಲ್ಲಿ ಚೆಂದ ಕಂಡದ್ದು ನಿಮ್ಮ ಲ್ಯಾಪ್‌ಟಾಪಿನಲ್ಲಿ ಮೊಳೆ ಹೊಡೆದಂತೆ ಕಾಣುವುದಕ್ಕೂ ಇದೇ ಕಾರಣ.

ಬಣ್ಣ: ಇಲ್ಲಿ ಸ್ವಲ್ಪ ನಿಧಾನ

ಬಣ್ಣದ ವಿಷಯದಲ್ಲಿ ಹುಡುಗರು ತಮಗೆ ಯಾವುದು ಇಷ್ಟ ಎಂದು ನೋಡುತ್ತಾರೆ. ನೋಡಬೇಕಾದ್ದು ಆಟದಲ್ಲಿ ಯಾವ ಬಣ್ಣ ಇಲ್ಲ ಎಂಬುದನ್ನು. ಬಿಳಿಜೋಳದ ರೊಟ್ಟಿಯ ಮೇಲೆ ಬೆಣ್ಣೆ ಇಟ್ಟರೆ ದೂರದಿಂದ ಕಾಣುತ್ತದೆಯೇ? ಐಸ್‌ಬಾಕ್ಸ್ ಎಂಬ ಮ್ಯಾಪಿನ, ಅಂದರೆ ಆಟದ ಕಣದ, ಹಿಮದ ಮೇಲೆ ಬಿಳಿ ಕ್ರಾಸ್‌ಹೇರ್ ಗತಿ ಅದೇ. ಬೈಂಡ್ ಮ್ಯಾಪ್ ಮೊರಾಕ್ಕೊದ ಮರಳುನಾಡಿನದು. ಅದರ ಗೋಡೆಗಳು ಮಧ್ಯಾಹ್ನದ ಬಿಸಿಲಿನಲ್ಲಿ ನಮ್ಮ ಕೋಟೆ ಗೋಡೆ ಕಂಡಂತೆಯೇ ಕಾಣುತ್ತವೆ. ಅಲ್ಲಿ ಹಳದಿ ಕರಗಿ ಹೋಗುತ್ತದೆ. ಹಸಿರು ಎದ್ದು ಕಾಣುವ ಬಣ್ಣ. ಹಗಲು ಬೆಳಕಿನಲ್ಲಿ ನಮ್ಮ ಕಣ್ಣು ಹೆಚ್ಚು ಸ್ಪಂದಿಸುವುದು ಹಸಿರಿಗೇ. ಆದರೆ ವೈಪರ್ ಎಂಬ ಪಾತ್ರ ಬಿಡುವ ವಿಷದ ಹೊಗೆಯೂ ಹಸಿರು. ಅದರೊಳಗೆ ಸಿಕ್ಕಿಕೊಂಡಾಗ ಹಸಿರು ಗೆರೆ ಹುಡುಕುವುದೇ ಒಂದು ಕೆಲಸ.

ಕೆಂಪು? ಮರೆತುಬಿಡಿ. ಈ ಆಟ ಶತ್ರುವಿನ ಮೈಸುತ್ತ ಒಂದು ಬಣ್ಣದ ಅಂಚು ಹಾಕಿ ತೋರಿಸುತ್ತದೆ, ಮೊದಲಿಗೆ ಅದು ಕೆಂಪೇ ಇರುತ್ತದೆ. ಗುರಿಯೂ ಕೆಂಪು, ಗುರುತೂ ಕೆಂಪು ಆದರೆ ಗುಂಡು ಹಾರಿಸುವ ಗಳಿಗೆಯಲ್ಲೇ ಗೆರೆ ಕಾಣೆಯಾಗುತ್ತದೆ. ಬಣ್ಣ ಬೇರ್ಪಡಿಸಿ ನೋಡಲು ಕಷ್ಟವಾಗುವವರಿಗೆ ಆ ಅಂಚನ್ನು ಹಳದಿಗೋ ನೇರಳೆಗೋ ಬದಲಿಸುವ ಆಯ್ಕೆ ಇದೆ. ಬದಲಿಸಿದವರು ಆ ಬಣ್ಣವನ್ನೂ ಕ್ರಾಸ್‌ಹೇರ್‌ಗೆ ಇಡಬಾರದು. ನೇರಳೆ ಅಂಚು, ಪಿಂಕ್ ಗೆರೆ ಎರಡೂ ಸೇರಿದರೆ ಅಷ್ಟೇ ಕತೆ.

ನನ್ನ ಆಯ್ಕೆ ಸಯಾನ್, ಅಂದರೆ ತಿಳಿ ನೀಲಿಗೆ ಹಸಿರು ಬೆರೆಸಿದಂತಿರುವ ಬಣ್ಣ. ಮಣ್ಣು, ಇಟ್ಟಿಗೆ, ಕಟ್ಟಿಗೆ ಎಲ್ಲದರ ಮೇಲೂ ಕಾಣುತ್ತದೆ. ಆಕಾಶದ ಎದುರು ಸ್ವಲ್ಪ ಸೋಲುತ್ತದೆ, ಆದರೆ ಆಕಾಶಕ್ಕೆ ಗುಂಡು ಹಾರಿಸುವವರು ಕಡಿಮೆ. ಪಟ್ಟಿಯಲ್ಲಿ ಮನಸ್ಸಿಗೆ ಬಂದದ್ದು ಇಲ್ಲದಿದ್ದರೆ ಕಸ್ಟಮ್ ಆರಿಸಿ, ಆರು ಅಕ್ಷರದ ಬಣ್ಣದ ಕೋಡ್ ಹಾಕಬಹುದು.

ಬಣ್ಣದ ಜೊತೆಗೇ ಔಟ್‌ಲೈನ್, ಅಂದರೆ ಗೆರೆಯ ಸುತ್ತ ಕಪ್ಪು ಅಂಚು. ದಪ್ಪ 1 ಸಾಕು. ಇಳಕಲ್ ಸೀರೆಯ ಕೆಂಪು ಸೆರಗಿನ ಮೇಲೆ ಬಿಳಿ ನೇಯ್ಗೆ ಹೇಗೆ ಹೊಡೆದು ಕಾಣುತ್ತದೋ ನೋಡಿ, ಪಕ್ಕದ ಬಣ್ಣ ಗಟ್ಟಿ ಇದ್ದರೆ ಸಣ್ಣ ಎಳೆಯೂ ಕಾಣುತ್ತದೆ. ಆದರೆ ಅಂಚು ಹಾಕಿದರೆ ಗೆರೆ ಒಟ್ಟಾರೆ ದಪ್ಪವಾಗುತ್ತದೆ ಎಂಬುದು ನೆನಪಿರಲಿ.

ಗೆರೆ ಎಷ್ಟು, ತೆರಪು ಎಷ್ಟು

ಪ್ರೈಮರಿ ಎಂಬಲ್ಲಿ ಒಳಗಿನ ಗೆರೆಗಳು, ಹೊರಗಿನ ಗೆರೆಗಳು ಎಂದು ಎರಡು ಜೋಡಿ ಇವೆ. ಹೊರಗಿನವನ್ನು ಆಫ್ ಮಾಡಿಬಿಡಿ. ಅವು ಅಲಂಕಾರ.

ಒಳಗಿನ ಗೆರೆಗೆ ನಾಲ್ಕು ಅಂಕಿ. ಒಪ್ಯಾಸಿಟಿ ಎಂದರೆ ಗೆರೆ ಎಷ್ಟು ಗಟ್ಟಿಯಾಗಿ ಕಾಣಬೇಕು ಎಂಬುದು, ಅದನ್ನು 1ಕ್ಕೆ ಇಡಿ. ಉಳಿದವು ಉದ್ದ, ದಪ್ಪ ಮತ್ತು ಆಫ್‌ಸೆಟ್. ನಟ್ಟನಡುವಿನಿಂದ ಗೆರೆ ಎಷ್ಟು ದೂರದಲ್ಲಿ ಶುರುವಾಗಬೇಕು ಎಂಬುದೇ ಆಫ್‌ಸೆಟ್. ಆಟ ಮೊದಲಿಗೆ ಕೊಡುವುದು ಉದ್ದ 6, ದಪ್ಪ 2, ಆಫ್‌ಸೆಟ್ 3. ಹೊಸಬರು ಉದ್ದ 4, ದಪ್ಪ 2, ಆಫ್‌ಸೆಟ್ 2ರಿಂದ ಶುರು ಮಾಡಲಿ.

ತೆರಪಿನ ಲೆಕ್ಕಕ್ಕೆ ಒಂದು ಉಪಾಯ. ಅಭ್ಯಾಸದ ಅಂಗಳ ದಿ ರೇಂಜ್‌ಗೆ ಹೋಗಿ, ದೂರದ ಗೊಂಬೆಯ ತಲೆಯ ಮೇಲೆ ಕ್ರಾಸ್‌ಹೇರ್ ಇಡಿ. ತಲೆ ಆ ತೆರಪಿನೊಳಗೆ ಕಾಣಬೇಕು. ಗೆರೆಯೇ ತಲೆಯನ್ನು ಮುಚ್ಚಿದರೆ ಆಫ್‌ಸೆಟ್ ಒಂದು ಅಂಕಿ ಹೆಚ್ಚಿಸಿ ಇಲ್ಲವೇ ದಪ್ಪ ಇಳಿಸಿ. ತೆರಪಿನಲ್ಲಿ ಎರಡು ತಲೆ ಹಿಡಿಯುವಷ್ಟು ಜಾಗ ಇದ್ದರೆ ಕಡಿಮೆ ಮಾಡಿ.

ದಪ್ಪ 2 ಎಂದದ್ದಕ್ಕೂ ಕಾರಣ ಇದೆ. 1920 ಅಡ್ಡ, 1080 ಉದ್ದ ಚುಕ್ಕೆಗಳ (ಪಿಕ್ಸೆಲ್) ಪರದೆಯಲ್ಲಿ ಎರಡೂ ಸಮಸಂಖ್ಯೆ. ಹಾಗಾಗಿ ನಟ್ಟನಡುವೆ ಒಂದು ಚುಕ್ಕೆ ಇರುವುದಿಲ್ಲ, ನಾಲ್ಕು ಚುಕ್ಕೆ ಕೂಡುವ ಮೂಲೆ ಇರುತ್ತದೆ. ದಪ್ಪ 2 ಆ ಮೂಲೆಯ ಎರಡೂ ಕಡೆಗೆ ಸಮ ಕೂರುತ್ತದೆ. 1 ಅಥವಾ 3 ಇಟ್ಟರೆ ಅರ್ಧ ಚುಕ್ಕೆಯಷ್ಟು ಒಂದು ಕಡೆ ವಾಲುತ್ತದೆ. ಅರ್ಧ ಚುಕ್ಕೆಗೆ ಯಾರೂ ಪಂದ್ಯ ಸೋಲುವುದಿಲ್ಲ, ನಿಜ. ಆದರೆ ಒಮ್ಮೆ ಕಣ್ಣಿಗೆ ಬಿದ್ದ ಮೇಲೆ ಅದು ಹಲ್ಲಿಗೆ ಸಿಕ್ಕ ಅಡಕೆಚೂರಿನಂತೆ ಕಾಡುತ್ತದೆ.

ಕ್ರಾಸ್‌ಹೇರಿನ ನಡುವೆ ಗುರುತಿನ ಚುಕ್ಕೆಯೊಂದು ಬೇಕೋ ಬೇಡವೋ ಎಂಬುದು ನಿಮ್ಮ ಕಣ್ಣಿಗೆ ಬಿಟ್ಟದ್ದು. ಬರೀ ಚುಕ್ಕೆ ಇಟ್ಟುಕೊಂಡು ಆಡುವವರು ಇದ್ದಾರೆ. ಗಲಾಟೆಯಲ್ಲಿ ಅದು ಕಳೆದುಹೋಗುತ್ತದೆ ಎಂಬುದು ನನ್ನ ಅನುಭವ.

ಅಂದಹಾಗೆ, ಕ್ರಾಸ್‌ಹೇರ್ ಎಂಬ ಹೆಸರಿನಲ್ಲಿ ಹೇರ್, ಅಂದರೆ ಕೂದಲು, ಯಾಕೆ ಬಂತು? ಕೂದಲಿನಂಥ ಸಣ್ಣ ಎಳೆಯ ಕತೆ ಅದು. 1640ರ ಸುಮಾರಿಗೆ ಇಂಗ್ಲೆಂಡಿನ ವಿಲಿಯಂ ಗ್ಯಾಸ್ಕಾಯಿನ್ ಎಂಬ ಖಗೋಳಾಸಕ್ತನ ದೂರದರ್ಶಕದೊಳಗೆ ಜೇಡ ಎಳೆ ಕಟ್ಟಿತಂತೆ. ನೋಡುತ್ತಿದ್ದುದರ ಜೊತೆಗೆ ಎಳೆಯೂ ಸ್ಪಷ್ಟ ಕಂಡಿತು, ಅಳತೆಗೆ ಅದನ್ನೇ ಬಳಸಿಕೊಂಡ. ಹೊಲ ಅಳೆಯಲು ಬರುವ ಸರ್ವೆಯವರ ಥಿಯೊಡೊಲೈಟಿನಲ್ಲಿ ಕಣ್ಣಿಟ್ಟರೆ ಇಂದಿಗೂ ಅಂಥ ಎಳೆ ಕಾಣುತ್ತದೆ. ಎಳೆ ಸಣ್ಣದಿರಬೇಕು, ಆದರೆ ಕಾಣಬೇಕು. ಅವರ ಕೆಲಸಕ್ಕೂ ನಮ್ಮ ಆಟಕ್ಕೂ ಅದೇ ಬೇಕು.

ಅರಳುವ ಗೆರೆ ಬೇಕೆ?

ಮೂವ್‌ಮೆಂಟ್ ಎರರ್, ಫೈರಿಂಗ್ ಎರರ್ ಎಂದು ಎರಡು ಸ್ವಿಚ್ ಇವೆ. ಮೊದಲನೆಯದು ಹಾಕಿದರೆ ನೀವು ಓಡುವಾಗ ಗೆರೆಗಳು ಅರಳುತ್ತವೆ, ಎರಡನೆಯದು ಹಾಕಿದರೆ ಗುಂಡು ಹಾರಿಸುತ್ತಾ ಹೋದಂತೆ. ಪಳಗಿದ ಆಟಗಾರರಲ್ಲಿ ಬಹಳ ಜನ ಎರಡನ್ನೂ ಆಫ್ ಮಾಡುತ್ತಾರೆ. ಅವರನ್ನು ನೋಡಿ ಹೊಸಬರೂ ಆಫ್ ಮಾಡುತ್ತಾರೆ. ನನಗೆ ತಕರಾರಿರುವುದು ಇಲ್ಲೇ.

ಈ ಆಟದಲ್ಲಿ ಓಡುತ್ತಾ ಹೊಡೆದ ಗುಂಡು ಕ್ರಾಸ್‌ಹೇರ್ ತೋರಿಸಿದ ಕಡೆಗೇ ಹೋಗುತ್ತದೆ ಎಂಬ ಖಾತ್ರಿ ಇಲ್ಲ. ನಿಂತು ಹೊಡೆದರೂ ವ್ಯಾಂಡಲ್ ಬಂದೂಕಿನ ಮೊದಲ ಗುಂಡಿಗೆ 0.25 ಡಿಗ್ರಿ ಚೆದುರುವಿಕೆ ಇದ್ದೇ ಇದೆ. ಗೆರೆ ಕದಲದೆ ನಿಂತಿದ್ದರೆ ಹೊಸಬನಿಗೆ ತಾನು ಮಾಡಿದ ತಪ್ಪು ಕಾಣುವುದೇ ಇಲ್ಲ. 'ಬರೋಬ್ಬರಿ ತಲಿ ಮ್ಯಾಲೇ ಇಟ್ಟಿದ್ನಿ ಮಾಮಾ, ಗುಂಡು ಬೀಳಲಿಲ್ಲ!' ಎಂದ ನನ್ನ ಅಳಿಯ. ಎರಡೂ ಸ್ವಿಚ್ ಹಾಕಿ ಆಡಿಸಿದೆ. ಪ್ರತಿ ಸಲವೂ ಗೆರೆಗಳು ಹೂವಿನಂತೆ ಅರಳಿಕೊಂಡವು. ಹುಡುಗ ನಿಲ್ಲುತ್ತಲೇ ಇರಲಿಲ್ಲ, ಅಡ್ಡ ನಡೆಯುತ್ತಲೇ ಹೊಡೆಯುತ್ತಿದ್ದ. ಒಂದು ವಾರ ಹಾಗೇ ಬಿಟ್ಟೆ. ನಿಂತು ಹೊಡೆಯುವುದು ಕೈಗೆ ಹತ್ತಿದ ಮೇಲೆ ಅವನೇ ಆಫ್ ಮಾಡಿದ. ನೀವೂ ಆ ಕ್ರಮದಲ್ಲೇ ಮಾಡಿ.

ಪರೀಕ್ಷೆ

ರೇಂಜ್‌ನಲ್ಲಿ 30 ಗೊಂಬೆಗಳ ಪರೀಕ್ಷೆ ಇದೆ. ಮಧ್ಯಮ ವೇಗದಲ್ಲಿ ಐದು ಸಲ ಆಡಿ, ಹೊಡೆದದ್ದೆಷ್ಟು ಎಂದು ಚೀಟಿಯಲ್ಲಿ ಬರೆದಿಡಿ. ಹಳೆಯ ಪ್ರೊಫೈಲ್‌ನಲ್ಲೂ ಐದು ಸಲ. ಒಂದೇ ಸಲದ ಅಂಕಿ ನಂಬಬೇಡಿ, ಚಹಾ ಕುಡಿದು ಬಂದರೆ ಅದು ಬದಲಾಗುತ್ತದೆ. ಆಮೇಲೆ ನಿಜವಾದ ಆಟದಲ್ಲಿ ಎರಡು ವಾರ ಯಾವ ಅಂಕಿಯನ್ನೂ ಮುಟ್ಟಕೂಡದು.

ಆ ಎರಡು ವಾರದಲ್ಲಿ ಕಲಿಯಬೇಕಾದ್ದು ಕ್ರಾಸ್‌ಹೇರ್ ಎಲ್ಲಿಡಬೇಕು ಎಂಬುದನ್ನು. ವ್ಯಾಂಡಲ್ ಗುಂಡು ತಲೆಗೆ ಬಿದ್ದರೆ ದೂರ ಎಷ್ಟೇ ಇರಲಿ 160 ಪೆಟ್ಟು. ಎದುರಾಳಿಯ ಜೀವ 100, ಮೇಲೆ ದೊಡ್ಡ ಕವಚ ಇದ್ದರೆ 50. ಒಂದೇ ಗುಂಡಿಗೆ ಲೆಕ್ಕ ಚುಕ್ತಾ. ಫ್ಯಾಂಟಮ್ ಬಂದೂಕಾದರೆ ಹತ್ತಿರದಲ್ಲಿ 156, ದೂರ ಹೆಚ್ಚಿದರೆ 140ಕ್ಕೆ ಇಳಿಯುತ್ತದೆ. ಅಂದರೆ ದೂರದಲ್ಲಿ ಎರಡನೇ ಗುಂಡು ಬೇಕಾಗಬಹುದು. ಹಾಗಾಗಿ ನಡೆಯುವಾಗಲೂ ಗೆರೆಯನ್ನು ತಲೆಯ ಎತ್ತರದಲ್ಲೇ ಒಯ್ಯಬೇಕು. ನೆಲ ನೋಡುತ್ತಾ ನಡೆದವನಿಗೆ ಯಾವ ಬಣ್ಣ ಹಾಕಿದರೂ ಅಷ್ಟೇ.

ಬೇರೆ ಆಟದವರಿಗೆ

2023ರ ಸೆಪ್ಟೆಂಬರ್‌ನಲ್ಲಿ ಬಂದ ಕೌಂಟರ್-ಸ್ಟ್ರೈಕ್ 2ರಲ್ಲಿ ಸೆಟ್ಟಿಂಗ್ಸ್, ಗೇಮ್, ಕ್ರಾಸ್‌ಹೇರ್ ಎಂದು ಹೋಗಬೇಕು. ಶೈಲಿಯಲ್ಲಿ ಕ್ಲಾಸಿಕ್ ಸ್ಟ್ಯಾಟಿಕ್ ಎಂದರೆ ಕದಲದ ಗೆರೆ. ತೆರಪಿನ ಅಂಕಿಯನ್ನು ಇಲ್ಲಿ ಸೊನ್ನೆಗಿಂತ ಕೆಳಗೂ ಇಳಿಸಬಹುದು, ಗಾಬರಿ ಬೇಡ. ಫಾಲೋ ರೀಕಾಯಿಲ್ ಹಾಕಿದರೆ ಬಂದೂಕು ಮೇಲಕ್ಕೆ ಒದ್ದಂತೆ ಗೆರೆಯೂ ಏರುತ್ತದೆ. ಕಲಿಯುವವರಿಗೆ ನಾಲ್ಕು ದಿನದ ಮಟ್ಟಿಗೆ ಒಳ್ಳೆಯದು.

ಎರಡೂ ಆಟಗಳಲ್ಲಿ ಕ್ರಾಸ್‌ಹೇರ್ ಅನ್ನು ಕೋಡ್ ಆಗಿ ಹಂಚಿಕೊಳ್ಳಬಹುದು. ದೊಡ್ಡ ಆಟಗಾರರ ಕೋಡ್ ತಂದು ಹಾಕಿಕೊಳ್ಳುವುದರಲ್ಲಿ ತಪ್ಪೇನಿಲ್ಲ. ತಂದ ಮೇಲೆ ನಿಮ್ಮ ಪರದೆಗೆ ತಕ್ಕಂತೆ ಒಂದೆರಡು ಅಂಕಿ ತಿದ್ದಿಕೊಳ್ಳಿ, ಬೇರೆಯವರ ಅಂಗಿಯ ತೋಳು ಮಡಿಸಿದಂತೆ. ಫೋನಿನಲ್ಲಿ ಬಿಜಿಎಂಐ (ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ) ಆಡುವವರಿಗೆ ಇಷ್ಟು ಅವಕಾಶ ಇಲ್ಲ, ಬಣ್ಣ ಬದಲಿಸುವುದು ಮುಖ್ಯ. ಹೊರಗಿನ ಸಾಫ್ಟ್‌ವೇರ್ ಇಳಿಸಿಕೊಂಡು ಪರದೆಯ ಮೇಲೆ ಗುರುತು ಮೂಡಿಸುವ ಉಸಾಬರಿಗೆ ಹೋಗಬೇಡಿ. ಖಾತೆಗೇ ಸಂಚಕಾರ ಬರಬಹುದು.

ಕೌಂಟರ್-ಸ್ಟ್ರೈಕ್‌ನ ಸ್ನೈಪರ್‌ಗೆ ಇಂದಿಗೂ ಸ್ಕೋಪ್ ತೆರೆಯದೆ ಗುರುತಿಲ್ಲ. ಕೆಲವು ಗೇಮಿಂಗ್ ಮಾನಿಟರುಗಳು ತಮ್ಮ ಮೆನುವಿನಲ್ಲೇ ನಡುಚುಕ್ಕೆ ಕೊಡುತ್ತವೆ, ಅಂದರೆ ಕಂಪನಿಯವರೇ ಅಂಟಿಸಿಕೊಟ್ಟ ಟಿಕಳಿ. ನಮ್ಮ ಮನೆಯ ಮಾನಿಟರ್ ಅಂಥದ್ದಲ್ಲ. ಮೊನ್ನೆ ಅಳಿಯ ಮೆಲ್ಲಗೆ ಬಂದು 'ಮಾಮಾ, ನೀ ಆಗ ಎಂಥಾದ್ ಅಂಟಿಸಿದ್ದಿ?' ಎಂದು ಕೇಳಿದ. ನಾನು ಬಾಯಿ ತೆರೆಯುವ ಮೊದಲೇ ಅಕ್ಕ ಟಿಕಳಿ ಪಾಕೀಟು ಎತ್ತಿ ಕಪಾಟಿನ ಮೇಲಿನ ಅರೆಯಲ್ಲಿಟ್ಟು ಕೀಲಿ ಹಾಕಿದಳು.